ನನಗೆ ಬಿದ್ದ ಒಂದೇ ಒಂದು ವೋಟು

ದಾಕ್ಷಿಣ್ಯ ಒಂದು ಒಳ್ಳೆಯ ಗುಣ ಎಂದು ನಾನು ಬಹಳ ಕಾಲ ನಂಬಿದ್ದೆ. ಈಗ ಅದು ಕಾಯಿಲೆ ಇರಬೇಕು ಎಂಬ ಅನುಮಾನ ಬಂದಿದೆ. ಹೆಂಡತಿ ಎರಡು ಸೀರೆ ಎತ್ತಿ ಹಿಡಿದು ಯಾವುದು ಚೆನ್ನಾಗಿದೆ ಎಂದು ಕೇಳಿದರೆ ಎರಡೂ ಚೆನ್ನಾಗಿವೆ ಎನ್ನುತ್ತೇನೆ, ಬಿಟ್ಟುಹೋದ ಸೀರೆಗೆ ಬೇಜಾರಾದೀತು ಎನ್ನುವಂತೆ. ಸಿಂಗಪುರದ ನಮ್ಮ ಮನೆ ಹತ್ತಿರ, ತಿಂಡಿ ಅಂಗಡಿಗಳು ಸಾಲುಗಟ್ಟಿರುವ ಹಾಕರ್ ಸೆಂಟರ್‌ನಲ್ಲಿ ಅಕ್ಕಪಕ್ಕದಲ್ಲೇ ಎರಡು ಜ್ಯೂಸ್ ಅಂಗಡಿಗಳಿವೆ. ಒಬ್ಬ ಆಂಟಿಯ ಹತ್ತಿರ ಕಬ್ಬಿನ ಹಾಲು ಕೊಂಡ ದಿನ, ಇನ್ನೊಬ್ಬ ಆಂಟಿಯ ಅಂಗಡಿ ದಾಟುವಾಗ ಲೋಟವನ್ನು ಬೆನ್ನ ಹಿಂದೆ ಹಿಡಿದುಕೊಂಡು ಹೋಗುತ್ತೇನೆ. ಇದನ್ನೆಲ್ಲ ದಿನಚರಿಯಲ್ಲಿ ಬರೆದಿಟ್ಟಿದ್ದೇನೆ, ಆದ್ದರಿಂದ ನಿಜ ಎನ್ನಬಹುದಿತ್ತು. ಆದರೆ ದಿನಚರಿ ಬರೆಯುವಾಗಲೂ ನಾನು ದಾಕ್ಷಿಣ್ಯದ ಮನುಷ್ಯನೇ, ಅದರಲ್ಲೂ ನನ್ನ ಬಗ್ಗೆ ಬರೆಯುವಾಗ. ನಮ್ಮ ಕನ್ನಡ ಗುಂಪಿನ ಚುನಾವಣೆ ನಡೆದ ವರ್ಷದ ಒಂದು ಪುಟದಲ್ಲಿ ‘ಅಧ್ಯಕ್ಷನಾಗುವ ಆಸೆ ನನಗೆ ಎಳ್ಳಷ್ಟೂ ಇಲ್ಲ’ ಎಂದಿದೆ. ‘ಎಳ್ಳಷ್ಟೂ’ ಎನ್ನುವ ಪದದ ಕೆಳಗೆ ಎರಡು ಗೆರೆ ಎಳೆದಿದ್ದೇನೆ. ಇಲ್ಲದ ಆಸೆಗೆ ಯಾರಾದರೂ ಎರಡು ಗೆರೆ ಎಳೆಯುತ್ತಾರೆಯೇ?

ಅಧ್ಯಕ್ಷ ಪದವಿ ಎಂದರೆ ದೊಡ್ಡದೇನಲ್ಲ. ಸಿಂಗಪುರದಲ್ಲಿ ಕೆಲಸಗಳು ಮಳೆಯಂತೆ ಸುರಿಯುತ್ತಿದ್ದ ವರ್ಷಗಳು ಅವು. ತಿಂಗಳಿಗೊಂದು ಕನ್ನಡ ಕುಟುಂಬ ಬಂದಿಳಿಯುತ್ತಿತ್ತು. ತಿಂಗಳಿಗೊಮ್ಮೆ ಸೇರಿ, ಮಕ್ಕಳಿಗೆ ನಾಲ್ಕು ಕನ್ನಡ ಹಾಡು ಹೇಳಿಕೊಟ್ಟು, ಊಟ ಮಾಡಿ ಏಳುವ ಒಂದು ಚಿಕ್ಕ ಗುಂಪು ನಮ್ಮದು. ಆ ವರ್ಷ ಅದು ಎರಡು ಹೋಳಾಗುವ ಹಂತಕ್ಕೆ ಬಂತು. ಸಿಂಗಪುರದ ಪಶ್ಚಿಮ ತುದಿಯ ಜುರಾಂಗ್ ವೆಸ್ಟ್ ಕಡೆಯವರ ಮುಂದಾಳು ಗದಗಿನ ಪಾಟೀಲರು. ನಡುಭಾಗದ ಬಿಶಾನ್ ಕಡೆಯವರ ಮುಂದಾಳು ಮೈಸೂರಿನ ಶ್ರೀನಿವಾಸ್. ಸಭೆ ವಾಯ್ಡ್ ಡೆಕ್‌ನಲ್ಲಿ, ಅಂದರೆ ನಮ್ಮ ಸರ್ಕಾರಿ ಬ್ಲಾಕ್‌ಗಳ ಕೆಳಗಿನ ಖಾಲಿ ಅಂಗಳದಲ್ಲಿ, ಗಾಳಿಗೆ ಕೂತು ಆಗಬೇಕು ಎಂದು ಪಾಟೀಲರು. ತಮ್ಮ ಖಾಸಗಿ ಅಪಾರ್ಟ್‌ಮೆಂಟು ಕಾಂಡೋದ ಎ.ಸಿ. ಹಾಲ್‌ನಲ್ಲಿ ಆಗಬೇಕು ಎಂದು ಶ್ರೀನಿವಾಸ್. ಇಬ್ಬರೂ ಭಾಷೆ, ಸಂಸ್ಕೃತಿ ಎಂದೆಲ್ಲ ಮಾತಾಡಿದರು. ನನಗನ್ನಿಸಿದ ಮಟ್ಟಿಗೆ ನಿಜವಾದ ಕಾರಣ, ಮಕ್ಕಳನ್ನೂ ಪಾತ್ರೆಗಳನ್ನೂ ಹೊತ್ತುಕೊಂಡು ಯಾರು ಎಂಆರ್‌ಟಿ ರೈಲಿನಲ್ಲಿ ಮುಕ್ಕಾಲು ಗಂಟೆ ನಿಲ್ಲಬೇಕು ಎನ್ನುವುದು. ಕೊನೆಗೆ ಇಬ್ಬರೂ, ತಾವು ಅಧ್ಯಕ್ಷರಾಗದಿದ್ದರೆ ಬೇರೆ ಗುಂಪು ಕಟ್ಟುವುದಾಗಿ ಹೇಳಿದರು. ನಮ್ಮ ಮಗಳು ನಿಧಿಗೆ ಕನ್ನಡ ಮಾತಾಡುವ ಗೆಳತಿಯರು ಇದ್ದದ್ದೇ ಇಬ್ಬರು. ಒಬ್ಬಳು ಜುರಾಂಗ್‌ನಲ್ಲಿ, ಇನ್ನೊಬ್ಬಳು ಬಿಶಾನ್‌ನಲ್ಲಿ. ಗುಂಪು ಒಡೆದರೆ ಅವಳ ಕನ್ನಡವೂ ಅರ್ಧವಾಗುತ್ತದೆ ಎನ್ನುವ ಸಂಕಟ ನನ್ನದು. ನಮ್ಮ ಮನೆ ಎರಡಕ್ಕೂ ನಡುವಿನ ಬುಕಿತ್ ಪಂಜಾಂಗ್‌ನಲ್ಲಿ, ನಮ್ಮ ಊರು ಗದಗ, ಮೈಸೂರು ಎರಡಕ್ಕೂ ನಡುವಿನ ದಾವಣಗೆರೆ. ಹಾಗಾಗಿ ಇಬ್ಬರೂ ನನಗೆ ಫೋನ್ ಮಾಡಿ ಗೋಳು ಹೇಳಿಕೊಳ್ಳುತ್ತಿದ್ದರು, ನಾನು ಇಬ್ಬರಿಗೂ ‘ನೀವು ಹೇಳೋದು ಸರಿ’ ಎನ್ನುತ್ತಿದ್ದೆ.

ಇಲ್ಲಿಗೆ ಗ್ರೆಗ್ ಬರುತ್ತಾನೆ. ಆಫೀಸಿನಲ್ಲಿ ನನ್ನ ಪಕ್ಕದ ಸೀಟಿನ ಆಸ್ಟ್ರೇಲಿಯದವನು. ಸಿಡ್ನಿಯಿಂದ ಆರು ಗಂಟೆ ಒಳನಾಡಿನಲ್ಲಿರುವ ಗೋಧಿ ಬೆಳೆಯುವ ಊರು ಅವನದು. ಹೆಂಡತಿ ಮೇ ಲಿಂಗ್ ಇಲ್ಲಿಯ ಚೀನೀ ಮನೆತನದ ಹುಡುಗಿ. ಗ್ರೆಗ್‌ನ ದೇಶದಲ್ಲಿ ಆಗ ಚುನಾವಣೆ. ಹನ್ನೊಂದು ವರ್ಷದಿಂದ ಇದ್ದ ಸರ್ಕಾರ ಹೋಗುತ್ತದೋ ಉಳಿಯುತ್ತದೋ ಎಂಬ ಕುತೂಹಲ. ಹೊರದೇಶದಲ್ಲಿರುವವರು ಅವರ ಹೈ ಕಮಿಷನ್‌ಗೆ ಹೋಗಿ ಮೊದಲೇ ಮತ ಹಾಕಬಹುದಿತ್ತು. ಒಂದು ಮಧ್ಯಾಹ್ನ ಊಟದ ಬಿಡುವಿನಲ್ಲಿ ‘ಬಾ, ಐದು ನಿಮಿಷದ ಕೆಲಸ’ ಎಂದು ನನ್ನನ್ನೂ ಎಳೆದುಕೊಂಡು ಹೋದ. ನಾನು ಹೊರಗೆ ಮರದ ಕೆಳಗೆ ಕಾದೆ. ಅರ್ಧ ಗಂಟೆಯಾದ ಮೇಲೆ, ಬೆವರಿ ತೊಪ್ಪೆಯಾಗಿ, ಆದರೆ ಹಬ್ಬದೂಟ ಉಂಡವನ ಮುಖ ಮಾಡಿಕೊಂಡು ಬಂದ.

“ಯಾಕೋ ಇಷ್ಟು ಹೊತ್ತು?” ಎಂದೆ.

“ಮೇಲ್ಮನೆಯ ಮತಪತ್ರ ಮೇಜಿನ ಮೇಲಿಂದ ಕೆಳಗೆ ಜೋತು ಬೀಳುವಷ್ಟು ಉದ್ದ. ಎಲ್ಲರಿಗೂ ನಂಬರ್ ಹಾಕಿ ಬಂದೆ. ಒಂದು, ಎರಡು, ಮೂರು, ಹೀಗೆ ಕೊನೆಯವನ ತನಕ.”

“ಎಲ್ಲರಿಗೂ ಹಾಕಲೇಬೇಕೇ?”

“ಬೇಕಿಲ್ಲ. ಮೇಲ್ಗಡೆ ಒಂದು ಪಕ್ಷಕ್ಕೆ ‘1’ ಅಂತ ಬರೆದು ಎದ್ದು ಬರಬಹುದು. ಆದರೆ ಒಬ್ಬ ಮನುಷ್ಯ ಇದ್ದಾನೆ, ಅವನನ್ನು ನನ್ನ ಕೈಯಾರೆ ಕಟ್ಟಕಡೆಗೆ ಹಾಕಬೇಕಿತ್ತು. ಆ ಸುಖಕ್ಕೇ ಈ ಬಿಸಿಲಲ್ಲಿ ಬಂದದ್ದು.”

ನಾನು ಬೆರಗಾದೆ. ಮುಂದೆ ನಿಂತ ಮನುಷ್ಯನಿಗೆ ‘ನೀನು ನನಗೆ ಕಟ್ಟಕಡೆಯವನು’ ಎಂದು ಸರ್ಕಾರಿ ಕಾಗದದ ಮೇಲೆ ಬರೆದುಕೊಡುವ ದೇಶ! ನಮ್ಮಲ್ಲೂ ಪದವೀಧರ ಕ್ಷೇತ್ರದ ಚುನಾವಣೆಯಲ್ಲಿ ಹೀಗೇ ಪ್ರಾಶಸ್ತ್ಯದ ಮತ ಇದೆ ಎಂದು ಆಮೇಲೆ ನೆನಪಾಯಿತು. ನಾನು ಎರಡೆರಡು ಪದವಿ ಪಡೆದೂ ಒಮ್ಮೆಯೂ ಆ ಮತ ಹಾಕಿದವನಲ್ಲ.

ಆ ದಿನಗಳಲ್ಲೇ ಅವರ ದೇಶದಲ್ಲಿ ಪೌರತ್ವ ಬಯಸಿ ಬರುವವರಿಗೆ ಹೊಸದಾಗಿ ಒಂದು ಪರೀಕ್ಷೆ ಶುರುವಾಗಿತ್ತು. ಅದಕ್ಕೊಂದು ಪುಸ್ತಕವೂ ಇತ್ತು. ಪರೀಕ್ಷೆ ಎಂಬ ಶಬ್ದ ಕೇಳಿದರೆ ನನ್ನಂಥವನ ಕೈಗೆ ತಾನೇ ಪೆನ್ಸಿಲ್ ಬರುತ್ತದೆ. ಆ ದೇಶಕ್ಕೆ ಹೋಗುವ ಯೋಚನೆಯೇ ಇರದಿದ್ದರೂ ಪುಸ್ತಕ ಪ್ರಿಂಟ್ ತೆಗೆದು, ಗೆರೆ ಎಳೆದು ಓದಿದೆ. ಮಾದರಿ ಪ್ರಶ್ನೆಗಳಿಗೆ ನಾನೂ ಗ್ರೆಗ್ಗೂ ಕೂತು ಉತ್ತರ ಬರೆದೆವು. ನನ್ನವು ಎಲ್ಲ ಸರಿ. ಅವನು ರಾಷ್ಟ್ರೀಯ ಹೂವಿನಲ್ಲಿ ತಪ್ಪಿದ, ಮೊದಲ ಪ್ರಧಾನಿಯಲ್ಲಿ ತಪ್ಪಿದ, ಆಮೇಲೆ ನಗುತ್ತಾ ನಗುತ್ತಾ ಉಳಿದದ್ದರಲ್ಲೂ ತಪ್ಪಿದ. “ನೀನೇ ಹೋಗು, ನಾನು ಇಲ್ಲೇ ಇರ್ತೀನಿ” ಎಂದ. ಹಾಗಾದರೆ ಆಸ್ಟ್ರೇಲಿಯದವನು ಎಂದರೆ ಯಾರು ಎಂದು ನಾನು ಬಿಡದೆ ಕೇಳಿದೆ. “ಇಂಥ ಪ್ರಶ್ನೆ ಕೇಳಿದರೆ ಮುಜುಗರ ಪಡುವವನು” ಎಂದ. ಆಮೇಲೆ ಮುಜುಗರ ಪಡುತ್ತಲೇ ಒಂದು ಗಂಟೆ ಅದನ್ನೇ ಮಾತಾಡಿದ. ಅವನ ತಂದೆ ಹುಡುಗನಾಗಿದ್ದಾಗ ಬಿಳಿಯರಲ್ಲದವರನ್ನು ದೇಶದೊಳಗೆ ಬಿಟ್ಟುಕೊಳ್ಳದ ಕಾನೂನೇ ಇತ್ತಂತೆ, ಅದು ಸರಿ ಎಂದು ಊರಿಗೆ ಊರೇ ನಂಬಿತ್ತಂತೆ. ಈಗ ಪ್ರತಿ ಕ್ರಿಸ್ಮಸ್‌ಗೆ ಅವನ ತಾಯಿ, ಸೊಸೆ ಒಯ್ಯುವ ಸಂಬಾಲ್ ಖಾರದ ಬಾಟಲಿಯನ್ನು ನೆಂಟರಿಗೆ ಕಾಣದಂತೆ ಬೀರುವಿನಲ್ಲಿ ಬಚ್ಚಿಡುತ್ತಾಳೆ, ಬೇರೆಯವರು ತಿಂದು ಮುಗಿಸಿಬಿಟ್ಟಾರು ಎಂದು. “ಕಾನೂನು ಬದಲಾಗೋಕೆ ಎಷ್ಟೋ ವರ್ಷ ಹಿಡೀತು. ಅಮ್ಮ ಬದಲಾಗೋಕೆ ಒಂದು ಬಾಟಲಿ ಸಾಕಾಯ್ತು. ಇನ್ನೂ ಎಷ್ಟೋ ಜನರಿಗೆ ಎಷ್ಟೋ ಬಾಟಲಿ ಬೇಕು” ಎಂದ. ಹಾಗೆಂದಾಗ ಅವನ ದನಿ ಗಂಭೀರವಾಗಿತ್ತು ಎಂದು ನನ್ನ ನೆನಪು. ಅವನು ಆಗ ಬಾಯಿ ತುಂಬ ಆಲೂಗಡ್ಡೆಯ ಕರಿಪಫ್ ತಿನ್ನುತ್ತಿದ್ದುದರಿಂದಲೂ ಹಾಗೆ ಕೇಳಿಸಿರಬಹುದು.

ನಮ್ಮ ಗುಂಪಿನ ರಗಳೆ ಕೇಳಿ ಅವನೇ ದಾರಿ ಹೇಳಿದ. ನೇರ ಇಬ್ಬರಿಗೆ ಸ್ಪರ್ಧೆ ಇಟ್ಟರೆ ಜಗಳ, ಮೂರನೆಯವನೊಬ್ಬ ನಿಲ್ಲಲಿ, ಎಲ್ಲರೂ ಒಂದು, ಎರಡು, ಮೂರು ಎಂದು ನಂಬರ್ ಹಾಕಲಿ. ಅರ್ಧಕ್ಕಿಂತ ಹೆಚ್ಚು ‘ಒಂದು’ ಯಾರಿಗೂ ಬರದಿದ್ದರೆ, ಕೊನೆಗೆ ಬಂದವನನ್ನು ತೆಗೆದು, ಅವನಿಗೆ ಬಿದ್ದ ಮತಗಳಲ್ಲಿ ‘ಎರಡು’ ಯಾರಿಗಿದೆಯೋ ಅವರಿಗೆ ಸೇರಿಸುವುದು. ಮೂರನೆಯವನು ಯಾರೆಂದು ಹುಡುಕಬೇಕಾಗಿರಲಿಲ್ಲ, ನಾನೇ ಇದ್ದೆ, ಇಬ್ಬರೂ ಒಪ್ಪಿದರು. ಪಾಟೀಲರು ಫೋನ್ ಮಾಡಿ, “ಸರ, ನಿಮ್ಮ ಎರಡನೇ ನಂಬರ್ ನನಗ ಬೀಳ್ಬೇಕ್ರೀ ಮತ್ತ” ಎಂದರು. “ಖಂಡಿತಾ” ಎಂದೆ. ಹತ್ತು ನಿಮಿಷಕ್ಕೆ ಶ್ರೀನಿವಾಸ್ ಫೋನ್. “ಸ್ವಾಮಿ, ಒಂದು ನೀವೇ ಹಾಕ್ಕೊಳಿ, ಎರಡು ನಂಗೆ ತಾನೇ?” “ಅದರಲ್ಲಿ ಅನುಮಾನವೇ?” ಎಂದೆ. ಮತ ಗುಟ್ಟಾಗಿರುತ್ತದೆ ಎಂಬ ಧೈರ್ಯ.

ಒಂದು ಶನಿವಾರ ನಮ್ಮ ಬ್ಲಾಕಿನ ವಾಯ್ಡ್ ಡೆಕ್‌ನಲ್ಲೇ ಚುನಾವಣೆ. ನಲವತ್ತೊಂದು ಮತದಾರರು. ಯಾರ ಕಡೆಯೂ ಅಲ್ಲದವನೆಂದು ಗ್ರೆಗ್ಗೇ ಚುನಾವಣಾಧಿಕಾರಿ. ಮೊದಲು ಊಟ. ಪಾಟೀಲರ ಮನೆಯ ಶೇಂಗಾ ಹೋಳಿಗೆ, ಶ್ರೀನಿವಾಸ್ ಮನೆಯ ಬಿಸಿಬೇಳೆಬಾತ್, ನಮ್ಮ ಮನೆಯ ಮೆಣಸಿನಕಾಯಿ ಮಂಡಕ್ಕಿ. ಊಟವಾದ ಮೇಲೆ ಮತ. ಮೂಲೆಯಲ್ಲಿ ಟಿ.ವಿ. ಪೆಟ್ಟಿಗೆಯ ರಟ್ಟು ನಿಲ್ಲಿಸಿ ಮರೆ ಮಾಡಿದ್ದೆವು. ಗ್ರೆಗ್ ಡಬ್ಬಿ ತೆರೆದು, ಚೀಟಿ ನೋಡುತ್ತಾ ಹೋದಂತೆ ಅವನ ಮುಖ ಕೆಂಪಾಯಿತು. ಮುಕ್ಕಾಲು ಪಾಲು ಚೀಟಿಗಳಲ್ಲಿ ಮೂವರಿಗೂ ‘1’ ಎಂದೇ ಇತ್ತು. ಒಂದರಲ್ಲಿ ಮೂರು ಹೆಸರಿನ ಮುಂದೆಯೂ ‘ಒಳ್ಳೆಯವರು’ ಎಂದು ಬರೆದಿತ್ತು.

“ಯಾಕೆ ಹೀಗೆ?” ಎಂದು ಅವನು ಸಭೆಯನ್ನೇ ಕೇಳಿದ.

ಬೆಂಗಳೂರಿನ ಕಮಲಾ ಆಂಟಿ ಎದ್ದರು. “ಈಗ ತಾನೇ ಅವರ ಮನೆ ಹೋಳಿಗೆ ತಿಂದು, ಕೈ ಕೂಡ ಒಣಗಿಲ್ಲ. ಮೂರು ಅಂತ ಹೇಗಪ್ಪಾ ಬರೆಯೋದು?”

ಸಭೆ ತಲೆದೂಗಿತು. ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದ್ದೇ ಗ್ರೆಗ್ ಒಂದು ಖಾಲಿ ಚೀಟಿ ಎತ್ತಿ ಹಿಡಿದ. “ನಮ್ಮ ದೇಶದಲ್ಲಿ ‘ಮೂರು’ ಅಂದರೆ ಬೈಗುಳ ಅಲ್ಲ. ಇವರು ಬಂದರೂ ಸಹಿಸ್ಕೊಳ್ತೀನಿ ಅಂತ ಅರ್ಥ. ಹಾಗೆ ಸಹಿಸ್ಕೊಂಡೇ ನಾವು ಒಂದು ದೇಶ ಆಗಿರೋದು” ಎಂದ. ನಾನು ಅದನ್ನು ಕನ್ನಡದಲ್ಲಿ ಹೇಳಿದೆ, ಸ್ವಲ್ಪ ಉಪ್ಪುಖಾರ ಸೇರಿಸಿಯೇ ಹೇಳಿರಬೇಕು. ಎರಡನೆಯ ಸಲ ಮತದಾನ ನಡೆಯಿತು.

ರಟ್ಟಿನ ಹಿಂದೆ ನಾನೂ ಪೆನ್ನು ಹಿಡಿದು ನಿಂತೆ. ನನಗೆ ನಾನೇ ‘ಒಂದು’ ಹಾಕಿಕೊಳ್ಳುವುದು, ಪಂಕ್ತಿಯಲ್ಲಿ ಮೊದಲು ತನ್ನ ಎಲೆಗೇ ಬಡಿಸಿಕೊಂಡಂತೆ ಅನ್ನಿಸಿತು. ಅಷ್ಟರಲ್ಲಿ ರಟ್ಟಿನ ಸಂದಿಯಲ್ಲಿ ಪಾಟೀಲರ ಮುಖ ಕಂಡಿತು. ಅವರು ನಕ್ಕರು. ಪಾಟೀಲರಿಗೆ ಒಂದು ಹಾಕಿದೆ. ನನಗೆ ಎರಡು. ಶ್ರೀನಿವಾಸ್‌ಗೆ ಮೂರು. ಹೀಗೆ ಇಬ್ಬರಿಗೂ ಕೊಟ್ಟ ಮಾತನ್ನು ಒಂದೇ ಚೀಟಿಯಲ್ಲಿ ಮುರಿದು, ಮಡಚಿ, ಡಬ್ಬಿಗೆ ಹಾಕಿದೆ.

ಎಣಿಕೆ ಮುಗಿಯಿತು. ಪಾಟೀಲರು ಇಪ್ಪತ್ತು. ಶ್ರೀನಿವಾಸ್ ಇಪ್ಪತ್ತು. ನಾನು ಒಂದು.

“ಅಪ್ಪಾ, ಒನ್ ವೋಟ್ ಓನ್ಲಿ ಲಾ!” ಎಂದು ನಿಧಿ ತನ್ನ ಸಿಂಗಪುರದ ಇಂಗ್ಲಿಷಿನಲ್ಲಿ ಇಡೀ ಬ್ಲಾಕಿಗೆ ಕೇಳುವಂತೆ ಕೂಗಿದಳು.

ಗ್ರೆಗ್ ನಿಯಮ ಓದಿದ. ಕೊನೆಯವನನ್ನು ತೆಗೆಯಬೇಕು, ಅವನ ಒಂದು ಮತದಲ್ಲಿ ‘ಎರಡು’ ಯಾರಿಗಿದೆಯೋ ಅವರೇ ಅಧ್ಯಕ್ಷರು. ನಲವತ್ತು ತಲೆಗಳು ನನ್ನ ಕಡೆ ತಿರುಗಿದವು. ಆ ಒಂದು ಮತ ನನ್ನದೇ ಎನ್ನುವುದರಲ್ಲಿ ಯಾರಿಗೂ ಸಂಶಯವಿರಲಿಲ್ಲ, ಇನ್ಯಾರು ನನಗೆ ಹಾಕುತ್ತಾರೆ? ಗ್ರೆಗ್ ಚೀಟಿ ಬಿಡಿಸಿ ಎತ್ತಿ ಹಿಡಿದ. ಎರಡು, ಶ್ರೀನಿವಾಸ್.

ಶ್ರೀನಿವಾಸ್ ಓಡಿ ಬಂದು ನನ್ನನ್ನು ಅಪ್ಪಿಕೊಂಡರು. “ಮಾತು ಉಳಿಸ್ಕೊಂಡ್ರಿ ಸ್ವಾಮಿ!” ಅವರ ಹೆಗಲ ಮೇಲಿಂದ ಪಾಟೀಲರು ಕಂಡರು. “ಏನ್ರೀ ಸರ, ನನಗ ಅಂದಿದ್ರಲ್ಲ?” ಎಂದರು. ಜೋರಾಗಿ ಅಂದಿದ್ದರೆ ವಾಸಿಯಿತ್ತು. ನಾನು ನಿಮಗೆ ಎರಡಲ್ಲ, ಒಂದನ್ನೇ ಹಾಕಿದ್ದೇನೆ ಎಂದು ಹೇಳಲು ಹೋದೆ, ಶ್ರೀನಿವಾಸ್ ಇನ್ನೂ ಅಪ್ಪಿಕೊಂಡೇ ಇದ್ದರು. ಜುರಾಂಗ್ ಕಡೆಯವರು ಪಾತ್ರೆಗಳಿಗೆ ಮುಚ್ಚಳ ಹಾಕತೊಡಗಿದರು. ಗುಂಪು ಒಡೆಯಿತು ಎಂದುಕೊಂಡೆ.

ಆಗ ಗ್ರೆಗ್, ಇನ್ನೂ ಮುಗಿದಿಲ್ಲ ಎಂದು, ಮಕ್ಕಳ ಹಾಡಿಗೆಂದು ತಂದಿದ್ದ ಮೈಕನ್ನು ಪಾಟೀಲರ ಮುಂದೆ ಹಿಡಿದ. ಅವನ ದೇಶದಲ್ಲಿ ಫಲಿತಾಂಶದ ದಿನ ಮೊದಲು ಮಾತಾಡುವುದು ಸೋತವನಂತೆ. ಸೋತೆ ಎಂದು ಅವನು ಹೇಳುವ ತನಕ ಗೆದ್ದವನು ಬಾಯಿ ಬಿಡುವಂತಿಲ್ಲವಂತೆ. ಪಾಟೀಲರು ಮೈಕ್ ನೋಡಿದರು. ಅವರ ಕೈಗೆ ಮೈಕ್ ಸಿಕ್ಕಿದ್ದು ಅದೇ ಮೊದಲು. “ನಾ ಸೋತೇನಿ” ಎಂದು ಶುರು ಮಾಡಿದರು. ಜನ ಚಪ್ಪಾಳೆ ತಟ್ಟಿದರು. “ಮಸ್ತ್ ಸೋತೇನಿ!” ಎಂದರು. ಇನ್ನೂ ಜೋರು ಚಪ್ಪಾಳೆ. ಗದಗಿನ ಕಾಲೇಜು ಚುನಾವಣೆಯಲ್ಲಿ ಸೋತದ್ದು, ಲಗ್ನಕ್ಕೆ ಕನ್ಯೆ ನೋಡಲು ಹೋಗಿ ಅವಳ ತಮ್ಮನ ಹತ್ತಿರ ಕೇರಂನಲ್ಲಿ ಸೋತದ್ದು, ಎಲ್ಲವನ್ನೂ ಹೇಳಿದರು. ಬಿಶಾನ್ ಕಡೆಯ ಹೆಂಗಸರು ಕಣ್ಣೀರು ಬರುವಷ್ಟು ನಕ್ಕರು. ಐದು ಗಂಟೆಯಿಂದ ಆ ಜಾಗ ಮರುದಿನದ ಮಲಯ್ ಮದುವೆಗೆ ಬುಕ್ ಆಗಿತ್ತು. ಚಪ್ಪರದವರು ಕಂಬ ತಂದು ನಿಂತರು, ಅವರೂ ಚಪ್ಪಾಳೆ ತಟ್ಟಿದರು. ಗೆದ್ದ ಶ್ರೀನಿವಾಸ್‌ಗೆ ಮಾತಾಡಲು ಸಮಯವೇ ಸಿಗಲಿಲ್ಲ. “ಮುಂದಿನ ತಿಂಗಳು ಎಲ್ಲಿ ಸೇರೂಣು?” ಎಂದು ಪಾಟೀಲರೇ ಮೈಕಿನಲ್ಲಿ ಕೇಳಿ, “ಬಿಶಾನ್‌ದಾಗ. ಆ ಮ್ಯಾಲಿನ ತಿಂಗಳು ನಮ್ಮಲ್ಲೆ” ಎಂದು ತಾವೇ ಉತ್ತರ ಹೇಳಿ ಕೂತರು.

ಲಿಫ್ಟಿನಲ್ಲಿ ಮೇಲೆ ಹೋಗುವಾಗ ನಾನು ಹೆಂಡತಿ ಶೈಲಾಳ ಕೈ ಹಿಡಿದೆ. “ಆ ಒಂದು ವೋಟು ನಿಂದು ಅಂತ ನಂಗೆ ಗೊತ್ತು ಕಣೇ” ಎಂದೆ, ದನಿ ಸ್ವಲ್ಪ ಒದ್ದೆಯಾಗಿತ್ತು.

“ನಂಗೇನ್ ತಲೆ ಕೆಟ್ಟಿದ್ಯಾ ರೀ? ನೀವು ಪ್ರೆಸಿಡೆಂಟ್ ಆದ್ರೆ ಈ ಕುರ್ಚಿ ಎಲ್ಲ ಜೋಡ್ಸೋದು ನಾನೇ ತಾನೇ? ಶ್ರೀನಿವಾಸ್‌ಗೆ ಒಂದು ಹಾಕ್ದೆ.”

“ನಂಗೆ ಎರಡಾ?”

“ಎರಡು ಪಾಟೀಲ್ ಅಂಕಲ್‌ಗೆ. ಪಾಪ, ಅಷ್ಟು ದೂರದಿಂದ ಬರ್ತಾರೆ.” ಲಿಫ್ಟ್ ನಿಂತಿತು. “ಮೂರು ಅಂದ್ರೆ ಬೈಗುಳ ಅಲ್ಲ ಅಂತ ನೀವೇ ಹೇಳಿದ್ರಲ್ಲ” ಎಂದು ಇಳಿದುಹೋದಳು.

ಹಾಗಾದರೆ ನನಗೆ ಒಂದನೆಯ ಸ್ಥಾನ ಕೊಟ್ಟವರು ಯಾರು? ನಾನಲ್ಲ, ನನ್ನ ಹೆಂಡತಿಯಲ್ಲ, ಗೆದ್ದವರೂ ಅಲ್ಲ, ಸೋತವರೂ ಅಲ್ಲ. ಉಳಿದ ಮೂವತ್ತೇಳು ಜನರಲ್ಲಿ ಯಾರೋ ಒಬ್ಬರು, ರಟ್ಟಿನ ಹಿಂದೆ ನಿಂತು, ಯಾರ ಬಲವಂತವೂ ಇಲ್ಲದೆ, ಹೋಳಿಗೆ ಬಿಸಿಬೇಳೆಬಾತ್ ಎರಡನ್ನೂ ಮೀರಿ ನನ್ನನ್ನು ಆರಿಸಿದ್ದಾರೆ. ಗ್ರೆಗ್‌ನನ್ನು ಕೇಳಿದರೆ, ಅದನ್ನೆಲ್ಲ ಕೇಳುವುದು ಅಸಭ್ಯ ಎಂದ. ಅಂದಿನಿಂದ ಸಭೆಗೆ ಒಂದು ಗಂಟೆ ಮೊದಲೇ ಹೋಗುತ್ತೇನೆ. ಕುರ್ಚಿ ಜೋಡಿಸುತ್ತೇನೆ, ಮೂವತ್ತೇಳು ಜನರನ್ನೂ ಹೆಸರು ಹಿಡಿದು ವಿಚಾರಿಸುತ್ತೇನೆ, ಮಕ್ಕಳ ಚಪ್ಪಲಿ ಹುಡುಕಿಕೊಡುತ್ತೇನೆ. ಹೋದ ಸಲ ಒಬ್ಬ ಹಿರಿಯರಿಗೆ ಕುರ್ಚಿ ಕೊಟ್ಟಾಗ ಅವರು ಅರ್ಥಗರ್ಭಿತವಾಗಿ ನಕ್ಕು ಬೆನ್ನು ತಟ್ಟಿದರು. ಸಿಕ್ಕಿದರು ಎಂದುಕೊಂಡೆ! ಕಾಲು ಚಾಚಿಕೊಳ್ಳಲಿ ಎಂದು ಅವರಿಗೆ ಇನ್ನೊಂದು ಕುರ್ಚಿ ತಂದು ಹಾಕಿದೆ. ಎರಡು ಸಲ ಕಾಫಿ ತಂದುಕೊಟ್ಟೆ. ಹೊರಡುವಾಗ ಗೊತ್ತಾಯಿತು, ಅವರು ಸಿಂಗಪುರಕ್ಕೆ ಬಂದದ್ದೇ ಹಿಂದಿನ ವಾರ. ಒಂದು ಕ್ಷಣ ಸಪ್ಪಗಾದೆ. ಆಮೇಲೆ ಮೂರನೆಯ ಕಾಫಿ ತಂದುಕೊಟ್ಟೆ. ಮುಂದಿನ ವರ್ಷದ ಚುನಾವಣೆಯ ತನಕ ಅವರು ಇಲ್ಲೇ ಇರುತ್ತಾರಂತೆ.