ಹಣಮವ್ವನ ಇಮೇಲನ್ನು ಅಚ್ಚುಕಟ್ಟಾಗಿ ಕಾಣೆಯಾಗಿಸಿದ ಯಂತ್ರ ಮಹಾಶಯರಿಗೆ

ಮಾನ್ಯರೇ,

ನನ್ನ ಇಮೇಲ್ ಪೆಟ್ಟಿಗೆಯನ್ನು ಹಗಲಿರುಳು ಓರಣವಾಗಿಡುವ ತಮಗೆ ಮೂಡಲಗಿಯಲ್ಲಿ ಕಂಪ್ಯೂಟರ್ ಅಂಗಡಿ ಇಟ್ಟುಕೊಂಡಿರುವ ಗುರುಪಾದನ ಅನಂತ ನಮಸ್ಕಾರಗಳು. ಹಸಿವು, ನಿದ್ದೆ, ಆಕಳಿಕೆಗಳಿಲ್ಲದ ತಾವು ಕ್ಷೇಮವಾಗಿಯೇ ಇರುವಿರೆಂದು ನಂಬಿ, ಸಣ್ಣದೊಂದು ಸಂಗತಿಯನ್ನು ತಮ್ಮ ಗಮನಕ್ಕೆ, ಅಂಥದ್ದೊಂದು ತಮಗಿದ್ದರೆ, ತರಬಯಸುತ್ತೇನೆ.

ಮೇಲವಂಕಿಯ ಹಣಮವ್ವನವರು ಯಾರೆಂದು ತಮಗೆ ತಿಳಿದಿರಲಿಕ್ಕಿಲ್ಲ. ಕುರಿ ಕಾಯುತ್ತ ಕಲಿತ ಭಜನಾಪದಗಳನ್ನು ಅವರು ಹಾಡತೊಡಗಿದರೆ ಗೋಕಾಕದ ಬಸ್ಸಿಗೆ ಕಾದು ಕೂತವರು ಬಸ್ಸು ಬಂದರೂ ಏಳುವುದಿಲ್ಲ. ಆ ದನಿಯನ್ನು ಮೊಬೈಲಿನಲ್ಲಿ ಹಿಡಿದು ಬಾನುಲಿ ಕೇಂದ್ರವೊಂದಕ್ಕೆ ಕಳಿಸಿ, ಉತ್ತರಕ್ಕೆ ನನ್ನ ಇಮೇಲ್ ವಿಳಾಸವನ್ನೇ ಕೊಟ್ಟಿದ್ದೆ. ಅಷ್ಟರಲ್ಲಿ ತಾವು "ಪೆಟ್ಟಿಗೆಯನ್ನು ಅಚ್ಚುಕಟ್ಟು ಮಾಡಲೇ?" ಎಂದು ಕೇಳಿದಿರಿ. ಅಷ್ಟು ಮರ್ಯಾದೆಯಿಂದ ಮನೆಯಲ್ಲಿ ಯಾರೂ ನನ್ನನ್ನು ಏನನ್ನೂ ಕೇಳದ ಕಾರಣ, ಹೂಂ ಎಂದು ಒತ್ತಿಬಿಟ್ಟೆ.

ಪೆಟ್ಟಿಗೆ ಸಾರಿಸಿದ ಅಂಗಳದಂತಾಯಿತು. ಉತ್ತರ ಮಾತ್ರ ಬರಲಿಲ್ಲ. ಹಣಮವ್ವ ಸಂತೆಗೆ ಬಂದಾಗಲೆಲ್ಲ ಅಂಗಡಿಯ ಬಾಗಿಲಲ್ಲಿ ನಿಂತು "ಏನರ ಬಂತೇನ್ರಿ?" ಎನ್ನುವರು. ಕೊನೆಗೊಮ್ಮೆ, "ನನ್ನ ದನಿ ಅವರಿಗೆ ಸೇರಿಲ್ಲ ಬಿಡ್ರಿ. ಆಗೂದಿಲ್ಲ ಅಂತ ಒಂದ್ ಮಾತರ ಹೇಳಬೇಕಿತ್ತು" ಎಂದು ಸೆರಗು ಸರಿಮಾಡಿಕೊಂಡು ಹೋದವರು, ಊರ ಭಜನೆಗೂ ಹೋಗುವುದನ್ನು ಬಿಟ್ಟರು.

ಅದನ್ನು ಕೇಳಿ ನಾನು ಹುಡುಕಾಟಕ್ಕಿಳಿದೆ. ಸ್ಪ್ಯಾಮ್ ತೆರೆದೆ, ಕಸದ ಬುಟ್ಟಿ ಜಾಲಾಡಿದೆ, ಮೊಬೈಲ್ ಬಿಟ್ಟು ಕಂಪ್ಯೂಟರಿನಲ್ಲಿ ನೋಡಿದೆ. ಹುಕ್ಕೇರಿಯಲ್ಲಿರುವ ನನ್ನ ತಂಗಿ ದಾಕ್ಷಾಯಿಣಿ ಫೋನಿನಲ್ಲಿ, "ಅಣ್ಣಾ, ಎಲ್ಲಾ ಮೇಲ್ ಅಂತ ಒಂದ್ ಕಡೆ ಐತಿ ನೋಡು, ಅದರಾಗ ಬಾನುಲಿ ಅಂತ ಹುಡುಕು" ಎಂದಳು. ಸಿಕ್ಕಿತು. "ಅಭಿನಂದನೆಗಳು, ತಾವು ಆಯ್ಕೆಯಾಗಿದ್ದೀರಿ" ಎಂದು ಶುರುವಾಗಿದ್ದ ತಪ್ಪಿಗೆ ತಾವದನ್ನು ಲಾಟರಿಯೆಂದು ಬಗೆದು, ನಾನು ಓದಿಯಾಗಿದೆ ಎಂದು ತಾವೇ ಗುರುತು ಹಾಕಿ, ಕುಕ್ಕರಿನ ರಿಯಾಯಿತಿಗಳ ನಡುವೆ ಹೂತಿದ್ದಿರಿ. ನಿಜವಾದ ಲಾಟರಿಯವನನ್ನು ಮಾತ್ರ "ಮುಖ್ಯ" ಎಂಬ ಬಿರುದು ಕೊಟ್ಟು ಮುಂದಿನ ಸಾಲಿನಲ್ಲಿ ಕೂರಿಸಿದ್ದಿರಿ. ತಮ್ಮ ವಿವೇಕಕ್ಕೆ ಶರಣು.

ಧ್ವನಿಮುದ್ರಣದ ದಿನ ದಾಟಿಹೋಗಿತ್ತು. ನಿಮ್ಮಿಂದ ಉತ್ತರ ಬಾರದ್ದರಿಂದ ಬೇರೆಯವರನ್ನು ಕರೆದೆವು ಎಂದರು ಕೇಂದ್ರದವರು. ಮೇಲವಂಕಿಗೆ ಹೋಗಿ ಆ ಇಮೇಲನ್ನು ಓದಿ, ಆದದ್ದನ್ನೆಲ್ಲ ಹೇಳಿ, ಬೈಗುಳಕ್ಕೆ ತಲೆತಗ್ಗಿಸಿ ಕೂತೆ. ಹಣಮವ್ವ, "ಆಯ್ಕೆ ಅಂತ ಖರೇನ ಬರದಾರೇನ್ರಿ? ಇನ್ನೊಮ್ಮೆ ಓದ್ರಿ" ಎಂದರು. ಓದಿದೆ. "ಹಂಗಾರ ಸೇರೇತಿ ಅವರಿಗೆ" ಎಂದವರೇ ಗೋಡೆಯ ಗೂಟದಿಂದ ತಾಳ ಇಳಿಸಿಕೊಂಡರು. ಇಡೀ ನಾಡು ಕೇಳಬೇಕಿದ್ದ ಪದವನ್ನು ಅಂದು ನಾನೂ, ಅಲ್ಲಿ ಕಟ್ಟಿಹಾಕಿದ್ದ ಒಂದು ಟಗರೂ ಕೇಳಿದೆವು. ಈ ಭಾಗ್ಯ ತಮ್ಮದೇ ಕೃಪೆ.

ಆದ್ದರಿಂದ ತಾವು ದಯಮಾಡಿ ಕಳೆದುಹೋದ ಆ ದಿನವನ್ನೂ ಯಾವುದಾದರೊಂದು ಫೋಲ್ಡರಿನಿಂದ ಹೆಕ್ಕಿ ಮರಳಿಸಬೇಕು. ಅದಾಗದಿದ್ದರೆ ಖುದ್ದಾಗಿ ಮೇಲವಂಕಿಗೆ ದಯಮಾಡಿಸಿ, ಪೂರ್ತಿ ಒಂದು ಪದವನ್ನು ಕೂತು ಕೇಳಿ, ಆಮೇಲೆ ಬೇಕಿದ್ದರೆ ಅದನ್ನು ಕುಕ್ಕರಿನ ಪಕ್ಕದಲ್ಲಿಡಬೇಕಾಗಿ ವಿನಂತಿ.

ಹೂಂ ಎಂದು ಒತ್ತಿ ಕೆಟ್ಟ,
ತಮ್ಮ ವಿಶ್ವಾಸಿ,
ಗುರುಪಾದ, ಮೂಡಲಗಿ

ತಾ.ಕ.: ಇಷ್ಟನ್ನು ಸೇರಿಸಿ ಮತ್ತೆ ಕಳಿಸುತ್ತಿದ್ದೇನೆ. ಮೊದಲ ಸಲ ಈ ದೂರನ್ನು ಕಳಿಸಿದ ಕ್ಷಣದಲ್ಲೇ "ತಮ್ಮ ಪತ್ರ ತಲುಪಿದೆ, ನಮ್ಮ ಸೇವೆಗೆ ಎಷ್ಟು ನಕ್ಷತ್ರ ಕೊಡುವಿರಿ?" ಎಂಬ ತಮ್ಮ ಉತ್ತರ ಇನ್‌ಬಾಕ್ಸಿನ ನೆತ್ತಿಯ ಮೇಲೆಯೇ ಬಂದು ಕೂತಿದೆ. ತಮಗೆ ಅಲ್ಲಿಗೆ ದಾರಿ ಗೊತ್ತಿಲ್ಲವೆಂದು ಇಷ್ಟು ದಿನ ಸುಮ್ಮನೆ ಕನಿಕರಪಟ್ಟೆ.