ನಮ್ಮ ಹಳದಿ ದಾಸವಾಳಕ್ಕೆ ಬಂದುಹೋಗುವ ದುಂಬಿಯವರಿಗೆ

ಮಾನ್ಯರೇ,

ಈಗ ಸಂಜೆ ಆರು ಗಂಟೆ. ಈ ದಿನ ಎರಡು ಜೊತೆ ಪರದೆಗಳಿಗೆ ಅಂಚು ಹೊಲಿದೆ, ಸಸಿಗಳಿಗೆ ನೀರು ಚಿಮುಕಿಸಿದೆ, ಮಿಕ್ಕ ಹೊತ್ತೆಲ್ಲ ತಮ್ಮನ್ನೇ ನೆನೆಯುತ್ತಿದ್ದೆ. ಮಿರಮಿರ ಮಿಂಚುವ ಕರಿಕೋಟು ತೊಟ್ಟು, ಯಾರೂ ಕರೆಯದೆಯೇ ಎಲ್ಲರ ಮನೆಗೂ ದಯಮಾಡಿಸುವ ತಮ್ಮಂಥ ದೊಡ್ಡವರಿಗೆ ಬಾಡಿಗೆ ಮನೆಯ ಎರಡನೇ ಮಹಡಿಯಲ್ಲಿ ಹೊಲಿಗೆ ಯಂತ್ರ ತುಳಿಯುವ ನನ್ನಂಥವಳು ಪತ್ರ ಬರೆಯುವುದು ಅಧಿಕಪ್ರಸಂಗವೇ ಸರಿ. ಆದರೆ ತಮ್ಮ ಮಕ್ಕಳು ನನ್ನ ಮನೆಯಲ್ಲಿ ಬೆಳೆಯುತ್ತಿರುವುದರಿಂದ ಬೇರೆ ದಾರಿ ಕಾಣಲಿಲ್ಲ.

ನನ್ನ ಅಕ್ಕನನ್ನು ತಾವು ಬಲ್ಲಿರಿ. ಬಾಲ್ಕನಿಯ ಕುಂಡಗಳ ಮುಂದೆ ನಿಂತು, ಕತ್ತರಿಸಿ ಉಳಿದ ಬಟ್ಟೆಯ ತುಂಡು ಬೀಸಿ ತಮ್ಮನ್ನು ಓಡಿಸುತ್ತಿದ್ದವಳು ಅವಳೇ. ಹಳದಿ ದಾಸವಾಳಕ್ಕೆ ಕೆಂಪಿನ ಪರಾಗ ಮುಟ್ಟಿಸಿ, ಆ ಬೀಜದಿಂದ ಎಂಥ ಬಣ್ಣದ ಹೂ ಬರುತ್ತದೋ ನೋಡಬೇಕೆಂಬುದು ಅವಳ ಆಸೆ. ಕೆಳಮನೆಯ ಅಜ್ಜಿ "ದಾಸವಾಳಕ್ಕೆ ಯಾರಾದ್ರೂ ಬೀಜ ಹಾಕ್ತಾರೇನೇ? ಒಂದು ಕಡ್ಡಿ ಮುರಿದು ನೆಟ್ರೆ ಆಯ್ತು" ಎಂದು ನಕ್ಕಾಗ, ಅಕ್ಕ "ಕಡ್ಡಿ ನೆಟ್ರೆ ಅದೇ ಗಿಡ ಮತ್ತೆ ಬರುತ್ತೆ ಅಜ್ಜಿ. ಬೀಜ ಹಾಕಿದ್ರೆ ಯಾರು ಬರ್ತಾರೋ ಯಾರಿಗೂ ಗೊತ್ತಿಲ್ಲ, ಅದೇ ಮಜಾ" ಅಂದಿದ್ದಳು. ತಾವು ಮೂಗು ತೂರಿಸಬಾರದೆಂದು ಮೊಗ್ಗಿಗೆ ಹಿಂದಿನ ಸಂಜೆಯೇ ಬಲೆಬಟ್ಟೆಯ ಪುಟ್ಟ ಚೀಲ ತೊಡಿಸಿ, ಬೆಳಿಗ್ಗೆ ಹೂ ಅರಳಿದ ಮೇಲೆ ಕುಂಚದಿಂದ ಪರಾಗ ಸವರಿ, ಗುರುತಿಗೆ ತೊಟ್ಟಿಗೊಂದು ನೀಲಿ ದಾರ ಕಟ್ಟಿದಳು. ಆ ಕಾಯಿ ಬಲಿಯುವ ಮೊದಲೇ ಅಕ್ಕ ತೀರಿಕೊಂಡಳು.

ಅಷ್ಟರಲ್ಲಿ ಅದೇ ಗಿಡದ ಇನ್ನೊಂದು ಹೂವಿಗೆ ತಾವು ಭೇಟಿ ಕೊಟ್ಟಿದ್ದಿರಿ. ತಮ್ಮ ಕಾರ್ಯದಕ್ಷತೆಯನ್ನು ಎಷ್ಟು ಹೊಗಳಿದರೂ ಸಾಲದು. ಅಕ್ಕ ಎಷ್ಟೋ ಹೂಗಳಲ್ಲಿ ಸೋತು ಸೋತು ಒಂದು ಕಾಯಿ ಕಟ್ಟಿಸಿದರೆ, ತಾವು ಬೆಳಗಿನ ತಿಂಡಿಯ ನಡುವೆ ಸುಮ್ಮನೆ ಮೈಕೊಡವಿ ಒಂದು ಕಾಯಿ ಕಟ್ಟಿಸಿಬಿಟ್ಟಿರಿ. ಯಾರ ಮನೆಯ ಪರಾಗ, ಯಾವ ಬಣ್ಣದ್ದು ಎಂದು ಒಂದು ಮಾತು ತಿಳಿಸುವ ತೊಂದರೆಯನ್ನೂ ತೆಗೆದುಕೊಳ್ಳಲಿಲ್ಲ.

ಎರಡೂ ಕಾಯಿಗಳು ಒಣಗಿ ಬಿರಿದದ್ದು ಒಂದೇ ದಿನ. ಎರಡನ್ನೂ ಕಿತ್ತು ಮೇಜಿನ ಮೇಲಿಟ್ಟೆ. ನೀಲಿ ದಾರದಲ್ಲಿದ್ದದ್ದು ಅಕ್ಕನ ಬೆರಳು ಹಾಕಿದ ಗಂಟು. ಅದು ಸಡಿಲವಾಗದ ಹಾಗೆ ತೊಟ್ಟಿನಿಂದ ಮೆಲ್ಲಗೆ ಜಾರಿಸಿ, ಗುಂಡಿಗಳ ಡಬ್ಬಿಯಲ್ಲಿ ಜೋಪಾನವಾಗಿಟ್ಟೆ. ಆಮೇಲೆ ಬೀಜ ಬಿಡಿಸಿ, ಗಟ್ಟಿ ಸಿಪ್ಪೆಗೆ ಉಗುರು ಕತ್ತರಿಯಿಂದ ಚೂರೇ ಗಾಯ ಮಾಡಿ, ಎಲ್ಲವನ್ನೂ ಬೆಚ್ಚನೆ ನೀರಿನ ಒಂದೇ ಬಟ್ಟಲಿಗೆ ಸುರಿದೆ. ಸುರಿದ ಮೇಲೆ ತಿಳಿಯಿತು, ಯಾವುದು ಯಾರ ಬೀಜವೆಂದು ಇನ್ನು ಹೇಳಲಾಗದೆಂದು. ತಪ್ಪು ನನ್ನದೆಂದು ತಾವು ವಾದಿಸಬಹುದು. ಆದರೆ ತಮ್ಮ ಕಾಯಿಯೇ ಇಲ್ಲದಿದ್ದರೆ ನನ್ನ ತಪ್ಪಿಗೆ ಜಾಗವೇ ಇರುತ್ತಿರಲಿಲ್ಲ ಎಂಬುದನ್ನು ದಯವಿಟ್ಟು ಗಮನಿಸಬೇಕು.

ಈಗ ಒಂಬತ್ತು ಸಸಿಗಳಿವೆ. ಒಂಬತ್ತಕ್ಕೂ ಒಂದೇ ಹಸಿರು, ಎಲೆಯಂಚಿನಲ್ಲಿ ಅದೇ ಹಲ್ಲು. ಹೂ ಬಿಟ್ಟು ಗುರುತು ಹೇಳಲು ಇನ್ನೂ ವರ್ಷವಾದರೂ ಬೇಕು. ಆದ್ದರಿಂದ ತಾವು ಬಿಡುವಾದಾಗ ಬಂದು, ಒಂದೊಂದರ ಮುಂದೂ ನಿಂತು, ಮುಖಚಹರೆ ನೋಡಿಯೋ ಮೂಸಿಯೋ ತಮ್ಮ ಮಕ್ಕಳನ್ನು ಬೇರ್ಪಡಿಸಿ, ಬೇರಿನ ಮಣ್ಣು ಉದುರದಂತೆ ಹೊತ್ತುಕೊಂಡು ಹೋಗಬೇಕೆಂದು ಪ್ರಾರ್ಥಿಸುತ್ತೇನೆ. ಇನ್ನು ಮುಂದೆ ಹೂವಿನಿಂದ ಹೂವಿಗೆ ಹೋಗುವಾಗ ಕಾಲು ಒರೆಸಿಕೊಳ್ಳುವ ಅಭ್ಯಾಸವಿಟ್ಟುಕೊಂಡರೆ ಇನ್ನೂ ಉಪಕಾರ. ಅದಾಗದಿದ್ದರೆ ಕೆಳಗಿನ ಕ್ಷೌರದಂಗಡಿಯಲ್ಲಿ ಪ್ಲಾಸ್ಟಿಕ್ ಹೂಗಳಿವೆ. ಅಲ್ಲಿ ತಮ್ಮಿಂದ ಯಾರಿಗೂ ಏನೂ ಆಗುವುದಿಲ್ಲ.

ಅಣ್ಣ ಬಂದು ನೋಡಿ, "ಅರ್ಧ ಯಾರಿಗಾದ್ರೂ ಕೊಟ್ಬಿಡೇ, ಇಷ್ಟಕ್ಕೆಲ್ಲ ಜಾಗ ಎಲ್ಲಿದೆ?" ಅಂದ. ಯಾವ ಅರ್ಧ ಎಂದು ಅವನೂ ಹೇಳಲಿಲ್ಲ, ತಾವೂ ಹೇಳುತ್ತಿಲ್ಲ. ಹಾಗಾಗಿ ತಮ್ಮವಕ್ಕೂ ಅಕ್ಕನವಕ್ಕೂ ಒಂದೇ ಲೋಟದಲ್ಲಿ ನೀರು ಹಾಕುತ್ತಿದ್ದೇನೆ, ಬೈಯುವಾಗ ಎಲ್ಲವನ್ನೂ ಒಟ್ಟಿಗೇ ಬೈಯುತ್ತೇನೆ.

ಸಸಿಗಳಿಗೆ ಈಗ ದೊಡ್ಡ ಕುಂಡ ಬೇಕು, ಬಿಸಿಲು ಬೇಕು. ಬಾಲ್ಕನಿ ತುಂಬಿದೆ. ಬಿಸಿಲು ಬೀಳುವ ಇನ್ನೊಂದೇ ಜಾಗವೆಂದರೆ ಒಳಕೋಣೆಯ ಕಿಟಕಿ, ಅದರ ಕೆಳಗೆ ಅಕ್ಕ ಕೊನೆಯವರೆಗೂ ಮಲಗಿದ್ದ ಮಂಚ. ಅದನ್ನು ಸರಿಸಲು ಇದುವರೆಗೆ ಅಣ್ಣನಿಗೂ ಬಿಟ್ಟಿಲ್ಲ, ಹೊದಿಕೆಯನ್ನೂ ಒಗೆದಿಲ್ಲ. ಮಂಚ ಇದ್ದರೆ ನಾಲ್ಕು ಕುಂಡ ಹಿಡಿಯುತ್ತವೆ, ಇಲ್ಲದಿದ್ದರೆ ಒಂಬತ್ತೂ. ನಾಲ್ಕನ್ನು ಆರಿಸಲು ಮೂರು ಸಲ ಕುಳಿತೆ, ಮೂರು ಸಲವೂ ಎದ್ದು ಬಂದೆ. ತಾವು ಒಂದು ಬೆಳಿಗ್ಗೆ ತಿಂಡಿಗೆಂದು ಬಂದುಹೋದದ್ದು ಎಲ್ಲಿಯವರೆಗೆ ಬಂತೆಂಬುದನ್ನು ತಮ್ಮ ಗಮನಕ್ಕೆ ತರುವುದಷ್ಟೇ ಈ ಪತ್ರದ ಉದ್ದೇಶ.

ತಮ್ಮ ವಿಶ್ವಾಸಿ,
ಒಂಬತ್ತರಲ್ಲಿ ಯಾವುವಕ್ಕೆಂದು ತಿಳಿಯದ ಚಿಕ್ಕಮ್ಮ

ಮರೆತ ಮಾತು: ತಾವು ಹಳೆಯ ಮರ ಕೊರೆದು ಮನೆ ಮಾಡುವವರೆಂದು ಕೇಳಿದ್ದೇನೆ. ಮಂಚ ಬಿಚ್ಚಿಸಿ ಅದರ ಕಾಲುಗಳನ್ನು ಬಾಲ್ಕನಿಯ ಮೂಲೆಯಲ್ಲಿ ನಿಲ್ಲಿಸುವವಳಿದ್ದೇನೆ. ಇಷ್ಟೆಲ್ಲ ಮಾಡಿದ ಮೇಲೆ ಒಕ್ಕಲು ಬರಲು ತಮಗೇನೂ ಸಂಕೋಚವಾಗಲಾರದು. ಬಡಗಿ ನಾಳೆ ಬೆಳಿಗ್ಗೆ ಬರುತ್ತಾನೆ.