ಒಳಗ ಹುಳ ಅದ

ಸೂರ್ಯಕಾಂತ ವಾಡಿಯ ಸರ್ಕಾರಿ ಕಚೇರಿಯೊಂದರಲ್ಲಿ ಅರ್ಜಿ ತೆಗೆದುಕೊಳ್ಳುವ ಗುಮಾಸ್ತ. ಹನ್ನೊಂದು ವರ್ಷಗಳಲ್ಲಿ ಒಂದೇ ಒಂದು ಅರ್ಜಿಯನ್ನೂ ಅವನು ಓದದೆ ಮುಂದೆ ಕಳಿಸಿದವನಲ್ಲ, ಕಾರಣವಿಲ್ಲದೆ ತಿರಸ್ಕರಿಸಿದವನೂ ಅಲ್ಲ. ಆ ಭಾನುವಾರ ಬೆಳಿಗ್ಗೆ ಮಗಳ ಫೋನಿನಲ್ಲಿ ಆಟ ತೆರೆದಾಗ ಅದು ಒಂದರ ಹಿಂದೊಂದು ಮೂರು ಅನುಮತಿ ಕೇಳಿತು. ಸೂಚನೆ ಕಳಿಸಲು ಒಂದು, ಫೋಟೋ ನೋಡಲು ಒಂದು, ಮೈಕ್ ಬಳಸಲು ಒಂದು. ಮೂರನ್ನೂ ಎರಡೆರಡು ಸಲ ಓದಿದ. ಆಕ್ಷೇಪಣೆ ಎತ್ತುವಂಥದ್ದೇನೂ ಕಾಣಲಿಲ್ಲ. ಮೂರಕ್ಕೂ ‘ಅನುಮತಿಸಿ’ ಒತ್ತಿ, ಕರ್ತವ್ಯ ಮುಗಿಸಿದ ಸಮಾಧಾನದಿಂದ ಕುದುರೆಗೆ ಹುಲ್ಲು ಹಾಕಲು ಹೋದ.

ಕುದುರೆ ಇದ್ದದ್ದೂ ಆಟದಲ್ಲೇ. ನೆಲ ಅಗೆದು, ಮನೆ ಕಟ್ಟಿ, ಕುರಿ ಕುದುರೆ ಸಾಕಿ, ಪೀಡೆಗಳ ಕೈಗೆ ಸಿಗದಂತೆ ಬದುಕಿ ಉಳಿಯಬೇಕಾದ ಆಟ ಅದು. ಒಂಬತ್ತನೆಯ ಇಯತ್ತೆ ಓದುವ ಮಗಳು ಲುಂಬಿನಿ ಅದರೊಳಗೆ ಎರಡು ವರ್ಷದಿಂದ ಬಿಳಿ ಕುದುರೆಯೊಂದನ್ನು ಸಾಕಿ ‘ಬಿಜ್ಲಿ’ ಎಂದು ಹೆಸರಿಟ್ಟಿದ್ದಳು. ಈಗ ನಾಲ್ಕು ದಿನಕ್ಕೆಂದು ಸೇಡಂನ ಸೋದರತ್ತೆಯ ಮನೆಗೆ ಹೋಗಿದ್ದಳು. ಹೋಗುವಾಗ ಫೋನಿನ ಜೊತೆ ಒಂದು ಚೀಟಿ ಬರೆದಿಟ್ಟಿದ್ದಳು. ‘ಬಿಜ್ಲಿಗೆ ದಿನಾ ಮೇವು ಹಾಕು. ಕುರಿಗಳ ಉಣ್ಣೆ ಕತ್ತರಿಸು. ಗುಡ್ಡದ ಆಚೆ ಹೋಗಬೇಡ, ಅಲ್ಲಿ ನೆಲದ ಕೆಳಗೆ ಹುಳ ಇದೆ. ಅದಕ್ಕೆ ಕಣ್ಣಿಲ್ಲ, ಕಿವಿ ಮಾತ್ರ.’ ಕೊನೆಯ ಸಾಲಿನ ಕೆಳಗೆ ಎರಡು ಗೆರೆ ಎಳೆದಿದ್ದಳು.

ಗೆರೆ ಎಳೆಯಲು ಕಾರಣವಿತ್ತು. ಹೋದ ವರ್ಷ ಸೂರ್ಯಕಾಂತ ಅವಳ ಮೊಲದ ಗೂಡನ್ನು ಶ್ರದ್ಧೆಯಿಂದ ತೊಳೆದು, ಬಾಗಿಲು ಹಾಕುವುದನ್ನು ಮರೆತಿದ್ದ. ಮೊಲ ಹೋಯಿತು. ಲುಂಬಿನಿ ಹನ್ನೆರಡು ದಿನ ಅಪ್ಪನ ಜೊತೆ ಮಾತಾಡಿರಲಿಲ್ಲ. ಹದಿಮೂರನೆಯ ದಿನ ಮಾತಾಡಿದ್ದಳು, ಆದರೆ ಫೀಸಿನ ವಿಷಯ ಬಂದದ್ದರಿಂದ.

ಮೂರು ದಿನ ಅವನು ಚೀಟಿಯನ್ನು ಕಚೇರಿಯ ಸುತ್ತೋಲೆಯಂತೆ ಪಾಲಿಸಿದ. ನಾಲ್ಕನೆಯ ದಿನ, ಅಂದರೆ ಆ ಭಾನುವಾರ, ಹುಲ್ಲು ಹಾಕಿದ ಮೇಲೆ ಕಟ್ಟಿದಲ್ಲೇ ನಿಂತಿದ್ದ ಬಿಜ್ಲಿಯನ್ನು ನೋಡಿ ಕರುಳು ಚುರುಕ್ ಎಂದಿತು. ಒಂದೇ ಸುತ್ತು ಅಡ್ಡಾಡಿಸೋಣವೆಂದು ಹತ್ತಿದ. ಕುದುರೆಗೆ ಬ್ರೇಕ್ ಎಲ್ಲಿದೆ ಎಂದು ಹುಡುಕುವಷ್ಟರಲ್ಲಿ ಗುಡ್ಡ ದಾಟಿತ್ತು. ನೆಲ ಕುಸಿದು ಇಬ್ಬರೂ ಕತ್ತಲ ಗವಿಗೆ ಬಿದ್ದರು.

ಗವಿಯ ನಡುವೆ ಹುಳ ಮಲಗಿತ್ತು. ಪರದೆಯ ಮೇಲೆ ಅಕ್ಷರ ಮೂಡಿತು: ‘ಸದ್ದು ಮಾಡಬೇಡಿ. ಹುಳ ನುಂಗಿದ್ದು ಮರಳಿ ಬಾರದು.’

ಆಗ ಬೆಳಗಿನ ಹನ್ನೊಂದು ಗಂಟೆ. ಲುಂಬಿನಿಯ ಪ್ಯಾಸೆಂಜರ್ ರೈಲು ವಾಡಿಗೆ ಬರುವುದು ನಾಲ್ಕಕ್ಕೆ.

ಸೂರ್ಯಕಾಂತ ಉಸಿರು ಹಿಡಿದು ಬೆರಳಿಂದ ಒಂದು ಹೆಜ್ಜೆ ಇಟ್ಟ. ಹುಳ ಅಲುಗಲಿಲ್ಲ. ಅಷ್ಟರಲ್ಲಿ ಅಡುಗೆಮನೆಯಲ್ಲಿ ಅವನ ಹೆಂಡತಿ ಲಾಲಮ್ಮ ಜೋಳದ ರೊಟ್ಟಿ ಬಡಿಯತೊಡಗಿದಳು. ಟಪ್, ಟಪ್, ಟಪ್. ಹುಳ ತಲೆ ಎತ್ತಿತು.

ಅವನು ರೊಟ್ಟಿಯ ಕಡೆ ನೋಡಿದ, ಹುಳದ ಕಡೆ ನೋಡಿದ. ಪ್ರಯೋಗಕ್ಕೆಂದು ಸಣ್ಣಗೆ ಕೆಮ್ಮಿದ. ಹುಳ ಅವನ ಕಡೆಯೇ ತಿರುಗಿತು. ಹುಳಕ್ಕೆ ಕಿವಿ ಇದೆ ಎಂದು ಮಗಳು ಬರೆದದ್ದು ನಿಜ. ಆದರೆ ಆ ಕಿವಿ ವಾಡಿಯವರೆಗೆ ಚಾಚಿದೆ ಎಂದು ಬರೆದಿರಲಿಲ್ಲ.

ಫೋನಿಗೆ ಟವೆಲ್ ಸುತ್ತಿಕೊಂಡು ತುದಿಗಾಲಲ್ಲಿ ಅಡುಗೆಮನೆಗೆ ಹೋದ.

“ಲಾಲಿ, ಇವತ್ತೊಂದಿನ ರೊಟ್ಟಿ ಬಡಿಬ್ಯಾಡ.”

“ಬಡಿಲಾರ್ದ ರೊಟ್ಟಿ ಹ್ಯಾಂಗ ಆಗ್ತದ್ರಿ? ಜೋಗುಳ ಹಾಡಿದ್ರ ಅಗಲ ಆಗ್ತದೇನು?”

“ತಲಿ ನೋಯಾಕತ್ತದ.”

“ಹಂಗಂದ್ರ ಅನ್ನ ಉಣ್ರಿ” ಎಂದು ಲಾಲಮ್ಮ ಹಿಟ್ಟು ಮುಚ್ಚಿಟ್ಟು ಕುಕ್ಕರ್ ಏರಿಸಿದಳು. ಏಳು ನಿಮಿಷಕ್ಕೆ ಅದು ಸೀಟಿ ಹೊಡೆಯಿತು. ಹುಳ ಎರಡು ಮಾರು ಮುಂದೆ ಬಂತು.

ಅವಳ ರೊಟ್ಟಿ ನಿಂತರೇನು, ಭಾನುವಾರ ಹನ್ನೊಂದಕ್ಕೆ ಓಣಿಯ ಹದಿನೆಂಟೂ ಮನೆಯಲ್ಲಿ ರೊಟ್ಟಿ ಬಡಿಯುತ್ತಾರೆ. ಹುಳಕ್ಕೆ ಅದು ಹದಿನೆಂಟು ಕುದುರೆಗಳ ಮೆರವಣಿಗೆಯಂತೆ ಕೇಳಿಸಿರಬೇಕು. ನೆಲದಿಂದ ಮೈ ಬಿಡಿಸಿಕೊಳ್ಳತೊಡಗಿತು. ಸೂರ್ಯಕಾಂತ ಪಕ್ಕದ ಮನೆಗೆ ಓಡಿದ. ಓಡಿದ್ದೂ ತುದಿಗಾಲಲ್ಲೇ.

ಪಕ್ಕದ ಮನೆಯ ಪೀರಮ್ಮ ಕುರಿ ಕಾಯ್ದು ಬೆಳೆದ ಮುದುಕಿ. ಒಲೆಯ ಮುಂದೆ ಕೂತಿದ್ದಳು.

“ಆಯಿ,” ಅವನು ಪಿಸುಗುಟ್ಟಿದ, “ಜರಾ ಸಪ್ಪಳ ಮಾಡಬ್ಯಾಡ್ರಿ. ಒಳಗ ಹುಳ ಅದ.”

ಪೀರಮ್ಮನ ಕೈ ರೊಟ್ಟಿಯ ಮೇಲೆ ಅಲ್ಲೇ ನಿಂತಿತು. ಹೆಸರು ಹಿಡಿದು ಕರೆದರೆ ಬಂದೇ ಬರುತ್ತದೆ ಎಂಬ ಭಯಕ್ಕೆ ಆ ಓಣಿಯಲ್ಲಿ ಯಾರೂ ಹಾವನ್ನು ಹಾವು ಎನ್ನುವುದಿಲ್ಲ, ಹುಳ ಎನ್ನುತ್ತಾರೆ. ಸೂರ್ಯಕಾಂತನೂ ಹಾಗೆಯೇ ಅನ್ನುವವನು. ಆದರೆ ಆ ಹೊತ್ತಿಗೆ ಅವನ ತಲೆಯಲ್ಲಿ ಇದ್ದದ್ದು ಒಂದೇ ಹುಳ.

“ಎಷ್ಟ್ ದೊಡ್ಡದದ ಯಪ್ಪಾ?”

“ಗೂಡ್ಸ್ ಗಾಡಿ ಡಬ್ಬಿ ಇದ್ದಂಗ ಅದ, ಆಯಿ.”

“ಯವ್ವಾ! ಏನ್ ಮಾಡ್ಲಿಕತ್ತದ?”

“ಕುದುರಿ ಕಡಿ ಮಾರಿ ಮಾಡ್ಯಾದ.”

ಅಂಜಿಕೆಗೆ ಇವನಿಗೆ ಬುದ್ಧಿ ತಿರುಗಿದೆ ಎಂದುಕೊಂಡಳು ಪೀರಮ್ಮ. ಹಿತ್ತಲಿನಿಂದ ಹಾದು ಮನೆಯಿಂದ ಮನೆಗೆ ಸುದ್ದಿ ಮುಟ್ಟಿಸಿದಳು. ಹತ್ತು ನಿಮಿಷದಲ್ಲಿ ಹದಿನೆಂಟು ಮನೆಯ ರೊಟ್ಟಿ ನಿಂತಿತು. ಹೆಂಗಸರು ಮಕ್ಕಳನ್ನು ಎತ್ತಿಕೊಂಡು ಕಟ್ಟೆ ಏರಿದರು. ಲಾಲಮ್ಮ ಅಡುಗೆಮನೆ ಬಿಟ್ಟು ಹೊರಗೆ ಹಾರಿದಳು.

ಮನೆಗೆ ಮರಳಿ ಪಡಸಾಲೆಯ ಮಂಚದ ಮೇಲೆ ಕೂತಿದ್ದ ಸೂರ್ಯಕಾಂತನಿಗೆ ಮಾತ್ರ ಓಣಿಯ ಜನ ಎಷ್ಟು ಒಳ್ಳೆಯವರು ಅನ್ನಿಸಿ ಕಣ್ಣು ತುಂಬಿತು. ಬಿಜ್ಲಿಯನ್ನು ಆರು ಹೆಜ್ಜೆ ನಡೆಸಿದ. ಏಳನೆಯ ಹೆಜ್ಜೆಗೆ ಕಿಟಕಿಯ ಹೊರಗೆ ಢಣಢಣ ಎಂದಿತು.

ಅದೇ ಓಣಿಯ ಬಸವಂತರಾಯ ಬಂದಿದ್ದ. ಮೂವತ್ತು ವರ್ಷ ರೈಲ್ವೆ ಗಾರ್ಡ್ ಆಗಿದ್ದು ನಿವೃತ್ತನಾದವನು. ಕೊರಳಲ್ಲಿ ಈಗಲೂ ಸೀಟಿ. ಒಂದು ಕೈಯಲ್ಲಿ ಸ್ಟೀಲ್ ತಾಟು, ಇನ್ನೊಂದರಲ್ಲಿ ಸೌಟು.

“ಕಾಕಾ, ಸಪ್ಪಳ ಬ್ಯಾಡ್ರಿ!”

“ನಿನಗೇನ್ ತಿಳೀತದೋ ಸೂರ್ಯಾ? ಸಪ್ಪಳಕ್ಕೇ ಅದು ಓಡೋದು!” ಎಂದು ಅವನು ಇನ್ನೂ ಜೋರಾಗಿ ಬಡಿದ.

“ಓಡಾಕತ್ತದ್ರಿ ಕಾಕಾ, ಆದ್ರ ಈ ಕಡಿನೇ ಓಡಿ ಬರ್ಲಿಕತ್ತದ!”

ಬಸವಂತರಾಯನ ತಾಟು ಕೆಳಗೆ ಬಿತ್ತು. ಅದೂ ಸದ್ದಾಯಿತು. ಹುಳ ಬಿಜ್ಲಿಯ ಬಾಲದಿಂದ ಒಂದು ಮೊಳ ದೂರದಲ್ಲಿ ಬಂದು ನಿಂತಿತು. ಮುಂದೆ ಹೆಜ್ಜೆ ಇಡುವ ಧೈರ್ಯ ಸೂರ್ಯಕಾಂತನಿಗೆ ಉಳಿಯಲಿಲ್ಲ. ಫೋನಿಗೆ ಮತ್ತೆ ಟವೆಲ್ ಸುತ್ತಿ ಮಂಚದ ಮೇಲೆ ಕಲ್ಲಿನಂತೆ ಕೂತ. ಹೊರಗಿನವರು ಅವನ ಕೂತ ರೀತಿ ನೋಡಿ, ಹುಳ ಮಂಚದ ಕಾಲಿಗೆ ಸುತ್ತಿಕೊಂಡಿದೆ ಎಂದು ತೀರ್ಮಾನಿಸಿದರು.

ಎರಡು ಗಂಟೆಗೆ ಶಹಾಬಾದದಿಂದ ಹಾವು ಹಿಡಿಯುವ ನರಸಪ್ಪ ಮೋಟರ್ ಸೈಕಲ್ ಮೇಲೆ ಬಂದ. ಹೆಗಲಿಗೆ ಚೀಲ, ಕೈಯಲ್ಲಿ ಕೊಕ್ಕೆಯ ಕೋಲು. ಮಂಚದ ಕೆಳಗೆ, ಟ್ರಂಕಿನ ಹಿಂದೆ, ಜೋಳದ ಚೀಲದ ಸಂದಿಯಲ್ಲಿ ಬ್ಯಾಟರಿ ಬಿಟ್ಟು ನೋಡಿ ಬಂದು ಕೂತ.

“ಬಣ್ಣ ಯಾವುದ್ರಿ?”

“ನೀಲಿ.”

“ಹೆಡಿ ಬಿಚ್ಚಿತ್ತೇನು?”

“ಹೆಡಿ ಇಲ್ರಿ. ಬಾಯಿ ಅದ. ಮೂರು ಸುತ್ತು ಹಲ್ಲು.”

ನರಸಪ್ಪ ತನ್ನ ಇಪ್ಪತ್ತು ವರ್ಷದ ಅನುಭವವನ್ನೆಲ್ಲ ತಿರುವಿ ಹಾಕಿದ. “ಎಲ್ಲಿ ನೋಡಿದ್ರಿ?”

ಸುಳ್ಳು ಹೇಳಿ ಅಭ್ಯಾಸವಿಲ್ಲದ ಸೂರ್ಯಕಾಂತ ಟವೆಲ್ ಬಿಚ್ಚಿ ಫೋನು ತೋರಿಸಿದ.

ನರಸಪ್ಪ ಪರದೆಯನ್ನೊಮ್ಮೆ, ತನ್ನ ಚೀಲವನ್ನೊಮ್ಮೆ ನೋಡಿದ. “ಇದಕ್ಕ ನನ್ನ ಚೀಲ ಸಾಲಂಗಿಲ್ರಿ” ಎಂದ.

ವಿಷಯ ಓಣಿಗೆ ತಿಳಿಯಲು ಅರ್ಧ ನಿಮಿಷ ಹಿಡಿಯಿತು. ಮೂವತ್ತು ಜನ ಒಮ್ಮೆಲೇ ಒಳಗೆ ನುಗ್ಗಿದರು. ಸೂರ್ಯಕಾಂತ ಗಡಿಬಿಡಿಯಲ್ಲಿ ಫೋನಿಗೆ ಮತ್ತೆ ಟವೆಲ್ ಸುತ್ತಿ ಎದೆಗೆ ಒತ್ತಿಕೊಂಡ.

“ಹಸ್ಕೊಂಡು ಮೂರು ತಾಸು ಕಟ್ಟಿ ಮ್ಯಾಲ ನಿಂತೀವಲ್ಲೋ!” ಬಸವಂತರಾಯ ಹಲ್ಲು ಕಡಿದ. “ನಾಚಿಕಿ ಬರಂಗಿಲ್ಲೇನು? ಆಫೀಸಿನಾಗ ಕುಂದ್ರೋ ಮನಷಾ!”

ಸೂರ್ಯಕಾಂತ ಬಾಯಿಗೆ ಬೆರಳಿಟ್ಟು, ಕೈಮುಗಿದು, ಎಲ್ಲವನ್ನೂ ಪಿಸುಮಾತಿನಲ್ಲೇ ಹೇಳಿದ. ಬಿಜ್ಲಿ, ಚೀಟಿ, ಎರಡು ಗೆರೆ, ನಾಲ್ಕು ಗಂಟೆಯ ಪ್ಯಾಸೆಂಜರ್. “ಮೊಲ ನಾನೇ ಕಳದೀನಿ. ಕುದುರಿನೂ ಕಳದ್ರ ಲುಂಬಿನಿ ನನ್ನ ಮಾರಿ ನೋಡಂಗಿಲ್ಲ” ಎಂದ.

ಪೀರಮ್ಮ ಮುಂದೆ ಬಂದು ಕನ್ನಡಕ ಏರಿಸಿ, ಟವೆಲ್ ಸರಿಸಿ ಪರದೆ ನೋಡಿದಳು.

“ಮೊಲ ಹೋದಾಗ ಆ ಕೂಸು ನಮ್ಮ ಮನ್ಯಾಗ ಕುಂತು ಅತ್ತಿತ್ತು,” ಎಂದಳು, ಅವಳೂ ಪಿಸುಮಾತಿನಲ್ಲೇ. ಆಮೇಲೆ, “ಈ ಬೆಳ್ಳಗಿನ ಗಂಟು ಏನು?”

“ಉಣ್ಣಿ, ಆಯಿ. ಕುರಿದು. ನಾನೇ ಕತ್ತರ್ಸೀನಿ. ನಲವತ್ತು ಅವ.”

“ಹುಚ್ಚಪ್ಪಾ, ಉಣ್ಣಿ ಇಟ್ಕೊಂಡು ಬರೇ ಕಲ್ಲಿನ ಮ್ಯಾಲ ನಡೀತಾರೇನು? ನೆಲಕ್ಕ ಹಾಸು. ಕಂಬಳಿ ಮ್ಯಾಲ ನಡದ್ರ ಕುರಿ ಕಾಲಿಂದೂ ಕೇಳಂಗಿಲ್ಲ.”

“ಓಡಬ್ಯಾಡ್ರಿ,” ನರಸಪ್ಪ ತನ್ನ ವಿದ್ಯೆ ಕೂಡಿಸಿದ. “ಕುಂತ್ ಕುಂತ್ ಹೋಗ್ರಿ. ಅದರ ಮುಂದ ಗಡಬಡ ನಡಿಯಂಗಿಲ್ಲ.”

ಆಮೇಲೆ ಓಣಿ ಒಂದೇ ಮನೆಯಾಯಿತು. ಕುಕ್ಕರ್‌ಗಳು ಇಳಿದವು. ಮೈಕು ಕಟ್ಟಿಕೊಂಡು ಬಂದ ಉಳ್ಳಾಗಡ್ಡಿ ಮಾರುವ ಗಾಡಿಯನ್ನು ಇಬ್ಬರು ತಿರುವಿನಲ್ಲೇ ಹಿಡಿದು ನಿಲ್ಲಿಸಿದರು. ಮೂವತ್ತು ಫೋನುಗಳು ಬಂದ್ ಆದವು. ಎಲ್ಲರೂ ಮಂಚದ ಸುತ್ತ ಕೂತರು.

ಸೂರ್ಯಕಾಂತ ಕುದುರೆಯಿಂದ ಇಳಿದು, ಮುಂದೆ ಒಂದು ಉಣ್ಣೆ ಹಾಸಿ, ಕುಕ್ಕರಗಾಲಲ್ಲಿ ಅದರ ಮೇಲೆ ಹೋಗಿ, ಹಗ್ಗ ಹಿಡಿದು ಬಿಜ್ಲಿಯನ್ನು ಎಳೆದ. ಮತ್ತೆ ಒಂದು ಹಾಸಿದ. ಹುಳ ಅಲ್ಲೇ ತಲೆ ಆಡಿಸುತ್ತ ಉಳಿಯಿತು. ಇಪ್ಪತ್ತು ಉಣ್ಣೆ ಮುಗಿದವು. ಬಸವಂತರಾಯನಿಗೆ ಸೀನು ಬಂತು. ಲಾಲಮ್ಮ ಅವನ ಬಾಯಿಗೆ ಅವನದೇ ಹೆಗಲಿನ ವಲ್ಲಿ ತುರುಕಿದಳು. ಮೂವತ್ತು ಮುಗಿದವು. ಪೀರಮ್ಮ ಬಳೆಗಳು ಸದ್ದು ಮಾಡದಂತೆ ಮೊಣಕೈಗೆ ಏರಿಸಿ ಹಿಡಿದಿದ್ದಳು. ಮೂವತ್ತೆಂಟಕ್ಕೆ ಗವಿಯ ಬಾಯಿ ಕಂಡಿತು. ಬಿಸಿಲು, ಹಸಿರು ಹುಲ್ಲು. ನಲವತ್ತನೆಯದನ್ನು ಹಾಸಿದ. ಬಿಜ್ಲಿಯ ಮುಂಗಾಲು ಹುಲ್ಲಿನ ಮೇಲೆ ಬಂತು.

ಆ ಗಳಿಗೆಯಲ್ಲಿ ಬಸವಂತರಾಯನ ಕೈ ತನಗೆ ತಾನೇ ಕೊರಳಿಗೆ ಹೋಯಿತು. ಮೂವತ್ತು ವರ್ಷ ಗಾಡಿ ಬಿಟ್ಟ ಕೈ ಅದು. ವಲ್ಲಿ ಕಿತ್ತೆಸೆದು ಉದ್ದಕ್ಕೆ ಸೀಟಿ ಊದಿದ. “ಬಂತ್ರೋ! ಬಂತು ಕುದುರಿ!” ಎಂದು ಮೂವತ್ತು ಜನ ಒಟ್ಟಿಗೆ ಕೂಗಿದರು. ಚಪ್ಪಾಳೆ ತಟ್ಟಿದರು. ನರಸಪ್ಪ ಕೋಲಿನಿಂದ ನೆಲ ಕುಟ್ಟಿದ.

ಬಿಜ್ಲಿಯ ಹಿಂಗಾಲು ಇನ್ನೂ ಗವಿಯಲ್ಲೇ ಇತ್ತು.

ಹುಳ ಬಂದದ್ದು ಯಾರಿಗೂ ಸರಿಯಾಗಿ ಕಾಣಲಿಲ್ಲ. ಹುಲ್ಲಿನ ಮೇಲೆ ಸೂರ್ಯಕಾಂತ ಒಬ್ಬನೇ ನಿಂತಿದ್ದ, ಕೈಯಲ್ಲಿ ತುಂಡು ಹಗ್ಗ.

ವಾರಕ್ಕೆ ಆರು ದಿನ ತಡವಾಗಿ ಬರುವ ಪ್ಯಾಸೆಂಜರ್ ಅವತ್ತು ಸರಿಯಾಗಿ ನಾಲ್ಕಕ್ಕೆ ಬಂತು. ಲುಂಬಿನಿ ಚೀಲ ಹೊತ್ತು ಒಳಗೆ ಬಂದು, ಪಡಸಾಲೆಯ ತುಂಬ ಕೂತವರನ್ನು ನೋಡಿ ಗಾಬರಿಯಾದಳು. ಆಮೇಲೆ ಫೋನು ತೆಗೆದುಕೊಂಡಳು.

“ಅಪ್ಪಾ, ಬಿಜ್ಲಿ ಎಲ್ಲಿ?”

ಬೆಳಗಿನಿಂದ ಸೂರ್ಯಕಾಂತ ಬೇಡಿಕೊಂಡ ನಿಶ್ಶಬ್ದ ಈಗ ಸಿಕ್ಕಿತು. ಬಸವಂತರಾಯ ಸೀಟಿಯನ್ನು ಅಂಗಿಯೊಳಗೆ ಮುಚ್ಚಿಕೊಂಡ.

“ಅದು... ಹುಳಕ್ಕ ಓಣಿ ಸಪ್ಪಳ ಕೇಳಿಸ್ತವ್ವಾ,” ಎಂದ ಸೂರ್ಯಕಾಂತ.

“ಓಣಿ ಸಪ್ಪಳ ಅದಕ್ಕ ಹ್ಯಾಂಗ ಕೇಳಿಸ್ತದ? ಅದು ಆಟದಾಗಿನ ಕಾಲ್ಸಪ್ಪಳ ಅಷ್ಟೇ ಕೇಳ್ತದ.” ಲುಂಬಿನಿ ಪರದೆಯ ಮೇಲೆ ಎರಡು ಕಡೆ ಒತ್ತಿ ನೋಡಿದಳು. “ಮೈಕ್ ಚಾಲೂ ಅದ! ಅಪ್‌ಡೇಟ್ ಆದಾಗೆಲ್ಲ ಇದು ಕೇಳ್ತದ, ನಾನು ಬ್ಯಾಡ ಅಂತ ಒತ್ತತೀನಿ. ಇದಕ್ಕ ಅನುಮತಿ ಯಾರ್ ಕೊಟ್ರು?”

ಮೂವತ್ತು ತಲೆಗಳು ಮಂಚದ ಕಡೆ ತಿರುಗಿದವು.

“ಅರ್ಜಿ ಬಂದಿತ್ತು,” ಎಂದ ಸೂರ್ಯಕಾಂತ, ನೆಲ ನೋಡುತ್ತ. “ಎರಡು ಸಲ ಓದೀನಿ. ಕ್ರಮಬದ್ಧ ಇತ್ತು.”

ಓಣಿಯವರು ಒಬ್ಬೊಬ್ಬರೇ ಎದ್ದು ಚಪ್ಪಲಿ ಕೈಯಲ್ಲಿ ಹಿಡಿದು ಹೊರಟರು. ನರಸಪ್ಪ ಮೋಟರ್ ಸೈಕಲ್ಲನ್ನು ತಿರುವಿನವರೆಗೆ ತಳ್ಳಿಕೊಂಡೇ ಹೋದ. ಸ್ವಲ್ಪ ಹೊತ್ತಿಗೆ ಪೀರಮ್ಮನ ಮನೆಯಲ್ಲಿ ರೊಟ್ಟಿ ಬಡಿಯುವ ಸದ್ದು ಶುರುವಾಯಿತು.

ಲುಂಬಿನಿ ಏನೂ ಅನ್ನದೆ ಕೈಕಾಲು ತೊಳೆಯಲು ಹೋದಳು. ಅದು ಮೊದಲನೆಯ ದಿನ.